ಚೈನಿಗೆ ತಾರೀಖಿಲ್ಲ

ಟೈಮಿಂಗ್ ಚೈನ್ ಸವೆದ ಕಾರನ್ನು ಬೆಳಿಗ್ಗೆ ಮೊದಲ ಸಲ ಸ್ಟಾರ್ಟ್ ಮಾಡಿದಾಗ ಎರಡು ಮೂರು ಸೆಕೆಂಡು ಕೇಳಿಸಿ ಮಾಯವಾಗುವ ಒಂದು ಸದ್ದಿದೆ. ತಗಡಿನ ಡಬ್ಬಿಯಲ್ಲಿ ಒಣ ಕಡಲೆ ಹಾಕಿ ಅಲ್ಲಾಡಿಸಿದ ಹಾಗೆ. ಡ್ರೈವರ್ ಕಡೆಯ ಮುಂದಿನ ಚಕ್ರದ ಮೇಲ್ಭಾಗದಿಂದ ಬರುತ್ತದೆ. ಬಾನೆಟ್ ಎತ್ತುವಷ್ಟರಲ್ಲಿ ನಿಂತಿರುತ್ತದೆ. ಗಾಡಿಯನ್ನು ಗ್ಯಾರೇಜಿಗೆ ತಂದಾಗಂತೂ ಇಂಜಿನ್ ಬಿಸಿಯಾಗಿ, ಎಣ್ಣೆ ಎಲ್ಲೆಡೆ ತಲುಪಿ, ಸದ್ದಿನ ಸುಳಿವೇ ಇರುವುದಿಲ್ಲ. ಮೆಕ್ಯಾನಿಕ್ ಕಿವಿಗೊಟ್ಟು ಕೇಳಿ, "ಏನೂ ಇಲ್ಲ ಸಾರ್, ಡೀಸೆಲ್ ಅಲ್ವಾ, ಅಷ್ಟು ಸೌಂಡ್ ಇದ್ದೇ ಇರುತ್ತೆ" ಅಂತ ಕಳಿಸುತ್ತಾನೆ. ಅವನು ಸುಳ್ಳು ಹೇಳುತ್ತಿಲ್ಲ, ಅವನಿಗೆ ಕೇಳಿಸಿದ್ದು ಅಷ್ಟೇ. ಈ ಸದ್ದನ್ನು ಅವನ ಕಿವಿಗೆ ಹಾಕಬೇಕೆಂದರೆ ಗಾಡಿಯನ್ನು ಹಿಂದಿನ ಸಂಜೆಯೇ ಗ್ಯಾರೇಜಿನಲ್ಲಿ ಬಿಟ್ಟು, ಮರುದಿನ ಬೆಳಿಗ್ಗೆ ಅವನ ಎದುರಿಗೇ ಮೊದಲ ಸಲ ಕೀಲಿ ತಿರುಗಿಸಬೇಕು.

ಪಿಸ್ಟನ್ನುಗಳು ತಿರುಗಿಸುವ ಕ್ರ್ಯಾಂಕಿಗೂ, ವಾಲ್ವುಗಳನ್ನು ತೆರೆದು ಮುಚ್ಚುವ ಕ್ಯಾಮಿಗೂ ತಾಳ ತಪ್ಪದ ಹಾಗೆ ಎರಡನ್ನೂ ಕೂಡಿಸಿಡುವುದು ಈ ಚೈನಿನ ಕೆಲಸ. ಅದರ ಬದಲು ಟೈಮಿಂಗ್ ಬೆಲ್ಟ್ ಇದ್ದ ಇಂಜಿನ್ನುಗಳಲ್ಲಿ ಈ ಪತ್ತೇದಾರಿ ಕೆಲಸ ಇರಲಿಲ್ಲ. ಮಾರುತಿ 800, ಹಳೆ ಇಂಡಿಕಾ, ಡಸ್ಟರ್ ಡೀಸೆಲ್, ಇವಕ್ಕೆಲ್ಲ ಇಷ್ಟು ಕಿಲೋಮೀಟರ್ ಆದರೆ ಬೆಲ್ಟ್ ಬದಲಾಯಿಸಬೇಕು ಅನ್ನುವ ಲೆಕ್ಕ ಸರ್ವಿಸ್ ಪುಸ್ತಕದಲ್ಲೇ ಇತ್ತು. ಹಳೆಯ ಡೀಸೆಲ್ ಇನ್ನೋವಾದಲ್ಲಿ ಅದಕ್ಕೆಂದೇ ಡ್ಯಾಶ್‌ಬೋರ್ಡಿನಲ್ಲಿ 'ಟಿ-ಬೆಲ್ಟ್' ದೀಪ. ಬೆಲ್ಟ್ ನೋಡಲು ಚೆನ್ನಾಗಿದ್ದರೂ ತಾರೀಖು ಬಂತೆಂದರೆ ತೆಗೆದು ಎಸೆಯುತ್ತಿದ್ದರು. ಚೈನ್ ಬಂದ ಮೇಲೆ ಆ ಸಾಲೇ ಪುಸ್ತಕದಿಂದ ಹೋಯಿತು. ಉಕ್ಕಿನದು, ಇಂಜಿನ್ ಇರುವವರೆಗೂ ಇರುತ್ತದೆ ಎಂಬ ನಂಬಿಕೆ ಕೊಳ್ಳುವವರಿಗೂ ಬಂತು, ಮಾರುವವರಿಗೂ ಬಂತು. ಇಂಜಿನ್ ತಯಾರಿಸುವವರಿಗೇ ಈ ವಿಷಯದಲ್ಲಿ ಒಂದು ಮನಸ್ಸಿಲ್ಲ ಅನ್ನುವುದು ಬೇರೆ ಮಾತು. ಫೋಕ್ಸ್‌ವ್ಯಾಗನ್ ತನ್ನ ಹಳೆ 1.4 ಟಿಎಸ್‌ಐಗೆ ಚೈನ್ ಹಾಕಿ, 2012ರ ಸುಮಾರಿಗೆ ಬಂದ ಇಎ211 ಸರಣಿಯಲ್ಲಿ ಮತ್ತೆ ಬೆಲ್ಟಿಗೇ ಹೋಯಿತು. ಫೋರ್ಡ್ ತನ್ನ 1.0 ಇಕೋಬೂಸ್ಟಿಗೆ ಎಣ್ಣೆಯಲ್ಲಿ ನೆನೆಯುವ ಬೆಲ್ಟ್ ಹಾಕಿ, ಆಮೇಲೆ ಚೈನಿಗೆ ಬಂತು.

ಇಲ್ಲಿ ಹೇಳುವುದನ್ನೆಲ್ಲ ಒಂದೇ ಇಂಜಿನ್ ಮುಂದಿಟ್ಟುಕೊಂಡು ಹೇಳುತ್ತೇನೆ: ಫಿಯೆಟ್‌ನ 1.3 ಮಲ್ಟಿಜೆಟ್, 1248 ಸಿಸಿ. ಮಾರುತಿಯಲ್ಲಿ ಡಿಡಿಐಎಸ್, ಟಾಟಾದಲ್ಲಿ ಕ್ವಾಡ್ರಾಜೆಟ್. ಸ್ವಿಫ್ಟ್, ಡಿಸೈರ್, ರಿಟ್ಜ್, ಎರ್ಟಿಗಾ, ಬ್ರೆಝಾ, ವಿಸ್ತಾ, ಮಾಂಝಾ, ಪುಂಟೋ, ಲೀನಿಯಾ ಎಲ್ಲದರ ಡೀಸೆಲ್ಲಿನಲ್ಲೂ ಇದು ಬಂತು. 2020ರ ಏಪ್ರಿಲ್‌ನಲ್ಲಿ ಬಿಎಸ್6 ಹೊಗೆ ನಿಯಮ ಬಂದಾಗ ಮಾರುತಿ ಇದನ್ನು ಕೈಬಿಟ್ಟಿತು. ಅಂದರೆ ರಸ್ತೆಯಲ್ಲಿ ಉಳಿದಿರುವ ಈ ಇಂಜಿನ್ನಿನ ಮಾರುತಿಗಳಲ್ಲಿ ತೀರಾ ಹೊಸದಕ್ಕೂ ವಯಸ್ಸಾಗಿದೆ. ಬೆಂಗಳೂರಿನ ಎಲ್ಲೋ ಬೋರ್ಡ್ ಡಿಸೈರ್‌ಗಳು ಏರ್‌ಪೋರ್ಟ್ ರಸ್ತೆಯಲ್ಲಿ ಎರಡು ಮೂರು ಲಕ್ಷ ಕಿಲೋಮೀಟರ್ ಓಡಿ, ಎರಡನೇ ಮೂರನೇ ಯಜಮಾನರ ಕೈಗೆ ಬಂದಿವೆ. ಚೈನಿನ ಪ್ರಶ್ನೆ ಈಗ ಏಳುತ್ತಿರುವುದು ಅದಕ್ಕೇ.

ಉದ್ದವಾಗುವುದು ಹೇಗೆ

ಸವೆದ ಚೈನನ್ನು ಹೊಸದರ ಪಕ್ಕ ನೇತುಹಾಕಿದರೆ ಹಳೆಯದು ಕೆಲವು ಮಿಲಿಮೀಟರ್ ಕೆಳಗೆ ಇಳಿದಿರುತ್ತದೆ. ಉಕ್ಕಿನ ಪಟ್ಟಿಗಳು ಎಳೆದು ಉದ್ದವಾಗಿರುವುದಿಲ್ಲ, ಅವು ಇದ್ದ ಹಾಗೇ ಇರುತ್ತವೆ. ಸವೆಯುವುದು ಒಂದು ಕೊಂಡಿಯನ್ನು ಇನ್ನೊಂದಕ್ಕೆ ಸೇರಿಸುವ ಪಿನ್ನು ಮತ್ತು ಆ ಪಿನ್ನು ತಿರುಗುವ ಬುಷ್. ಒಂದು ಲೆಕ್ಕ ಹಾಕಿ ನೋಡಬಹುದು. 8 ಮಿ.ಮೀ. ಪಿಚ್ಚಿನ (ಒಂದು ಪಿನ್ನಿನಿಂದ ಮುಂದಿನದಕ್ಕೆ ಇರುವ ಅಂತರ), 120 ಕೊಂಡಿಗಳ ಒಂದು ಚೈನ್ ಎಂದಿಟ್ಟುಕೊಳ್ಳಿ. ಪ್ರತಿ ಕೀಲಿನಲ್ಲಿ 0.02 ಮಿ.ಮೀ. ಸವೆತ, ಅಂದರೆ ತಲೆಕೂದಲಿನ ದಪ್ಪಕ್ಕಿಂತ ಎಷ್ಟೋ ಕಡಿಮೆ. ಇಡೀ ಚೈನಿಗೆ ಅದು 2.4 ಮಿ.ಮೀ. ಆಯಿತು. ಇದರಲ್ಲಿ ಕ್ಯಾಮ್ ಟೈಮಿಂಗನ್ನು ನೇರವಾಗಿ ಕೆಡಿಸುವುದು ಕ್ರ್ಯಾಂಕು ಕ್ಯಾಮನ್ನು ಎಳೆಯುವ ಬಿಗಿ ಭಾಗದ ಸವೆತ ಮಾತ್ರ. ಅಲ್ಲಿ 40 ಕೊಂಡಿ ಇದ್ದರೆ 0.8 ಮಿ.ಮೀ. 38 ಹಲ್ಲಿನ ಕ್ಯಾಮ್ ಸ್ಪ್ರಾಕೆಟ್ಟಿನ (ಚೈನ್ ಕೂರುವ ಹಲ್ಲಿನ ಚಕ್ರ) ಸುತ್ತಳತೆ 304 ಮಿ.ಮೀ. ಆದ್ದರಿಂದ ಕ್ಯಾಮ್ ಸುಮಾರು ಒಂದು ಡಿಗ್ರಿ, ಕ್ರ್ಯಾಂಕಿನ ಲೆಕ್ಕದಲ್ಲಿ ಎರಡು ಡಿಗ್ರಿ ಹಿಂದೆ ಬೀಳುತ್ತದೆ. ಇಷ್ಟಕ್ಕೆ ಗಾಡಿ ನಿಲ್ಲುವುದಿಲ್ಲ, ಓಡಿಸುವವರಿಗೆ ಗೊತ್ತಾಗುವುದೂ ಇಲ್ಲ. ಹೆಚ್ಚಿದ ಉದ್ದವೆಲ್ಲ ಕೊನೆಗೆ ಸಡಿಲು ಭಾಗಕ್ಕೆ ಬಂದು ಸೇರುತ್ತದೆ. ಅದನ್ನು ಟೆನ್ಷನರ್ (ಎಣ್ಣೆಯ ಒತ್ತಡದಿಂದ ಚೈನನ್ನು ಬಿಗಿಯಾಗಿಡುವ ಭಾಗ) ತನ್ನ ಪಿಸ್ಟನ್ ಹೊರಚಾಚಿ ನುಂಗಿಕೊಳ್ಳುತ್ತದೆ, ಚಾಚಲು ಜಾಗ ಇರುವವರೆಗೆ.

ಪಿನ್ನು ಬುಷ್ಷುಗಳನ್ನು ತಿನ್ನುವುದು ಏನು? ಬಹುಪಾಲು ಮಸಿ. ಡೀಸೆಲ್ ಇಂಜಿನ್ನಿನ ಎಣ್ಣೆ ಹಾಕಿದ ಒಂದೆರಡು ದಿನಕ್ಕೇ ಕಪ್ಪಾಗುತ್ತದೆ, ಅದರಲ್ಲಿ ಗಾಬರಿಯಾಗುವಂಥದ್ದಿಲ್ಲ. ಆದರೆ ಎಣ್ಣೆಯ ಒಳಗಿನ ಡಿಟರ್ಜೆಂಟ್ ಮತ್ತು ಸವೆತ ತಡೆಯುವ ರಾಸಾಯನಿಕ ಮುಗಿಯುತ್ತಾ ಬಂದ ಹಾಗೆ ಮಸಿಯ ಕಣಗಳು ಗುಂಪುಗೂಡಿ, ಪಿನ್ನು ಬುಷ್ಷಿನ ನಡುವಿನ ತೆಳುವಾದ ಎಣ್ಣೆಪದರದಲ್ಲಿ ಉಜ್ಜುಕಾಗದದ ಕೆಲಸ ಮಾಡುತ್ತವೆ. ಯೂರೋಪಿನಲ್ಲಿ ಇದೇ ಇಂಜಿನ್ನಿದ್ದ ಗ್ರಾಂಡೆ ಪುಂಟೋಗೆ 30,000 ಕಿಲೋಮೀಟರಿಗೊಮ್ಮೆ ಸರ್ವಿಸ್ ಎಂದು ಬರೆದಿದ್ದರು. ನಮ್ಮಲ್ಲಿ ಮಾರುತಿ ಹೇಳಿದ್ದು 10,000. ಚೈನಿನ ಮಟ್ಟಿಗೆ ನಾವು ಅದೃಷ್ಟವಂತರು, ಪುಸ್ತಕದ ಪ್ರಕಾರ ನಡೆದುಕೊಂಡಿದ್ದರೆ. ದಿನಕ್ಕೆ ಮುನ್ನೂರು ಕಿಲೋಮೀಟರ್ ಓಡುವ ಟ್ಯಾಕ್ಸಿಗೆ 10,000 ಅಂದರೆ ಒಂದು ತಿಂಗಳು ಚಿಲ್ಲರೆ. ಎಣ್ಣೆಯ ದುಡ್ಡು ಕಂತಿಗೆ ಹೋದ ತಿಂಗಳಲ್ಲಿ ಅದು 15,000 ಆಗುತ್ತದೆ, ಇನ್ನೊಮ್ಮೆ 20,000 ಆಗುತ್ತದೆ. ಪೆಟ್ರೋಲಿನವರು ತಮಗಿದು ಸಂಬಂಧವಿಲ್ಲ ಅಂದುಕೊಳ್ಳಬೇಕಿಲ್ಲ. ನೇರವಾಗಿ ಸಿಲಿಂಡರಿಗೇ ಪೆಟ್ರೋಲ್ ಚಿಮ್ಮಿಸುವ ಹೊಸ ಟರ್ಬೊ ಇಂಜಿನ್ನುಗಳಲ್ಲೂ ಮಸಿ ಹೆಚ್ಚು. 2020ರಲ್ಲಿ ಬಂದ ಎಪಿಐ ಎಸ್‌ಪಿ ದರ್ಜೆಯ ಎಣ್ಣೆಗೆ ಟೈಮಿಂಗ್ ಚೈನ್ ಸವೆತದ ಪರೀಕ್ಷೆಯನ್ನೇ ಹೊಸದಾಗಿ ಸೇರಿಸಿದ್ದು ಅದಕ್ಕಾಗಿ.

ಎಣ್ಣೆಯ ಮಟ್ಟವೂ ಅಷ್ಟೇ ಮುಖ್ಯ. ಈ ಇಂಜಿನ್ನಿನ ಚೇಂಬರ್, ಅಂದರೆ ತಳದ ಎಣ್ಣೆ ತೊಟ್ಟಿ, ಹಿಡಿಯುವುದೇ ಮೂರು ಲೀಟರಿಗೆ ಸ್ವಲ್ಪ ಹೆಚ್ಚು. ಟರ್ಬೊ ಸೀಲಿನಲ್ಲೋ ಟ್ಯಾಪೆಟ್ ಕವರಿನಲ್ಲೋ ಒಂದು ಲೀಟರ್ ಹೋದರೆ ಮೂರನೇ ಒಂದು ಭಾಗ ಹೋದಂತೆ. ಘಾಟಿಯ ತಿರುವಿನಲ್ಲಿ ಎಣ್ಣೆ ಒಂದು ಕಡೆಗೆ ವಾಲಿದಾಗ ಪಂಪು ಗಾಳಿ ಎಳೆಯುತ್ತದೆ. ಆ ಗಾಳಿ ಟೆನ್ಷನರಿಗೂ ಹೋಗುತ್ತದೆ. ಗಾಳಿ ಹೊಕ್ಕ ಟೆನ್ಷನರ್ ಮೆತ್ತಗಾಗುತ್ತದೆ, ಚೈನ್ ಬಡಿಯುತ್ತದೆ, ಬಡಿತಕ್ಕೆ ಚೈನ್ ಜಾರುವ ಪ್ಲಾಸ್ಟಿಕ್ ಗೈಡ್ ಸೀಳುತ್ತದೆ.

ಬಿಚ್ಚುವ ಮುನ್ನ

ಚೈನ್ ಸದ್ದು ಎಂದು ಬಿಚ್ಚಿದ ಇಂಜಿನ್ನುಗಳಲ್ಲಿ ಚೈನ್ ನೆಟ್ಟಗಿದ್ದು, ಆಲ್ಟರ್ನೇಟರ್ ಪುಲ್ಲಿಯೋ ಬೆಲ್ಟ್ ಟೆನ್ಷನರ್ರೋ ಕಳ್ಳ ಆಗಿರುವುದು ಅಪರೂಪವಲ್ಲ. ಎರಡು ದಿನದ ಕೆಲಸಕ್ಕೆ ಕೈಹಾಕುವ ಮೊದಲು ಅರ್ಧ ಗಂಟೆ ಇದಕ್ಕೆ ಕೊಡಬೇಕು. ಹೊರಗಿನ ಬೆಲ್ಟ್ ಕಳಚಿ ತಣ್ಣಗಿನ ಇಂಜಿನ್ ಸ್ಟಾರ್ಟ್ ಮಾಡಿ. ವಾಟರ್ ಪಂಪ್ ಈ ಬೆಲ್ಟಿನಲ್ಲೇ ಓಡುವುದರಿಂದ ಅರ್ಧ ನಿಮಿಷಕ್ಕಿಂತ ಹೆಚ್ಚು ಓಡಿಸಬೇಡಿ. ಸದ್ದು ಹೋಯಿತೇ, ಕಳ್ಳ ಹೊರಗಿದ್ದಾನೆ. ಕ್ಲಚ್ ಒತ್ತಿದಾಗ ಸದ್ದು ಬದಲಾದರೆ ಗೇರ್‌ಬಾಕ್ಸ್ ಕಡೆ ನೋಡಿ. ಎರಡೂ ಅಲ್ಲದಿದ್ದರೆ ಉದ್ದನೆಯ ಸ್ಕ್ರೂಡ್ರೈವರಿನ ತುದಿಯನ್ನು ಚೈನನ್ನು ಮುಚ್ಚಿರುವ ಟೈಮಿಂಗ್ ಕವರಿಗೆ ಊರಿ, ಹಿಡಿಯನ್ನು ಕಿವಿಯ ಮುಂದಿನ ಎಲುಬಿಗೆ ಒತ್ತಿ ಕೇಳಿ. ಇಂಜೆಕ್ಟರಿನ ಟಿಕ್ ಟಿಕ್ ಲಯಬದ್ಧ, ಮೇಲಿಂದ ಬರುತ್ತದೆ. ಚೈನಿನದು ಗರಗರ, ಕವರಿನ ಎದೆಯ ಭಾಗದಿಂದ ಬರುತ್ತದೆ, ಆಕ್ಸಿಲರೇಟರ್ ಬಿಟ್ಟ ಕ್ಷಣದಲ್ಲಿ ಜೋರಾಗುತ್ತದೆ.

ಇನ್ನೊಂದು ಅಗ್ಗದ ಪ್ರಯತ್ನವಿದೆ. ಎಣ್ಣೆ ಮತ್ತು ಫಿಲ್ಟರ್ ಬದಲಾಯಿಸಿ ಒಂದೆರಡು ಬೆಳಿಗ್ಗೆ ಕೇಳಿ ನೋಡುವುದು. ರಾತ್ರಿಯಿಡೀ ಎಣ್ಣೆ ಇಳಿದುಹೋಗಲು ಬಿಡುವ ಲೋಕಲ್ ಫಿಲ್ಟರಿನಿಂದಲೂ ಇದೇ ಸದ್ದು ಬರಬಹುದು. ಸದ್ದು ಎರಡು ಸೆಕೆಂಡಿನಿಂದ ಐದಕ್ಕೆ, ಹತ್ತಕ್ಕೆ ಬೆಳೆಯುತ್ತಿದ್ದರೆ ಮಾತ್ರ ಕಾಯುವ ಹಾಗಿಲ್ಲ. ಬಿಸಿ ಇಂಜಿನ್ನಿನಲ್ಲೂ ಐಡಲಿಂಗ್‌ನಲ್ಲಿ ಗರಗರ ಎನ್ನುತ್ತಿದ್ದರೆ ಗಾಡಿಯನ್ನು ಓಡಿಸಿಕೊಂಡು ಹೋಗದೆ ಎಳೆಸಿಕೊಂಡು ಹೋಗುವುದು ಒಳ್ಳೆಯದು.

ಸ್ಕ್ಯಾನರ್ ಹಾಕಿದರೆ ಪಿ-0016 ಎಂಬ ದೋಷದ ಕೋಡ್ ಬಂದಿರಬಹುದು. ಕ್ರ್ಯಾಂಕ್ ಸೆನ್ಸರು ಮತ್ತು ಕ್ಯಾಮ್ ಸೆನ್ಸರು ಹೇಳುವುದು ಒಂದಕ್ಕೊಂದು ತಾಳೆಯಾಗುತ್ತಿಲ್ಲ ಎಂದು ಇದರ ಅರ್ಥ. ಕೋಡ್ ಬಂದಿಲ್ಲವೆಂದು ಚೈನ್ ಸರಿ ಇದೆ ಅನ್ನುವ ಹಾಗಿಲ್ಲ. ಇಂಥ ಕಾಮನ್ ರೈಲ್ ಡೀಸೆಲ್ಲಿನಲ್ಲಿ ಇಂಜೆಕ್ಷನ್ನಿನ ಸಮಯವನ್ನು ಇಸಿಯು, ಅಂದರೆ ಇಂಜಿನ್ನಿನ ಕಂಪ್ಯೂಟರ್, ಕ್ರ್ಯಾಂಕ್ ಸೆನ್ಸರಿನಿಂದ ಲೆಕ್ಕ ಹಾಕುತ್ತದೆ, ಕ್ಯಾಮ್ ಸೆನ್ಸರ್ ಬೇಕಾಗುವುದು ಮುಖ್ಯವಾಗಿ ಯಾವ ಸಿಲಿಂಡರ್ ಎಂದು ಗುರುತಿಸಲು. ಹಾಗಾಗಿ ಚೈನ್ ಸಾಕಷ್ಟು ಸವೆದ ಮೇಲೂ ಗಾಡಿಯ ಪಿಕಪ್ಪಿನಲ್ಲಿ ದೊಡ್ಡ ವ್ಯತ್ಯಾಸ ಕಾಣದೆ, ಬೆಳಿಗ್ಗೆ ಸ್ಟಾರ್ಟರ್ ಸ್ವಲ್ಪ ಹೆಚ್ಚು ಹೊತ್ತು ತಿರುಗುವುದೊಂದೇ ಲಕ್ಷಣವಾಗಿ ಉಳಿಯಬಹುದು. ಬಹಳ ಜನ ಬ್ಯಾಟರಿ ಬದಲಾಯಿಸುತ್ತಾರೆ.

ಈ ಇಂಜಿನ್ನಿನಲ್ಲಿ ಖಚಿತವಾಗಿ ತಿಳಿಯುವ ದಾರಿ ಲಾಕ್ ಪಿನ್ನುಗಳು. ಗೇರ್‌ಬಾಕ್ಸ್ ಕಡೆಯ ತೂತಿನಿಂದ ಫ್ಲೈವೀಲಿಗೆ ಒಂದು ಪಿನ್ನು, ಕ್ಯಾಮ್ ಹೌಸಿಂಗಿನ ಪ್ಲಗ್ ಬಿಚ್ಚಿದ ಜಾಗದಲ್ಲಿ ಕ್ಯಾಮಿಗೆ ಪಿನ್ನು. ಚೈನ್ ಹೊಸದಿದ್ದರೆ ಎರಡೂ ಕೈಬೆರಳಿನ ಒತ್ತಿಗೇ ಕೂರುತ್ತವೆ. ಸವೆದಿದ್ದರೆ ಕ್ರ್ಯಾಂಕಿನದು ಕೂತು, ಕ್ಯಾಮಿನದು ಅಂಚಿಗೆ ತಾಗಿ ನಿಲ್ಲುತ್ತದೆ. ಟಾರ್ಚ್ ಬಿಟ್ಟು ನೋಡಿದರೆ ಕ್ಯಾಮಿನ ಕಚ್ಚು ತೂತಿನ ಮಧ್ಯಕ್ಕೆ ಬರದೆ ಒಂದು ಬದಿಗೆ ಸರಿದು ನಿಂತಿರುವುದು ಕಾಣುತ್ತದೆ. ಈ ಪರೀಕ್ಷೆಗೆ ಟೈಮಿಂಗ್ ಕವರ್ ಬಿಚ್ಚಬೇಕಾಗಿಲ್ಲ. ಪಿನ್ ಸೆಟ್ ಇಲ್ಲದ ಗ್ಯಾರೇಜಿಗೆ ಈ ಕೆಲಸ ಕೊಡಲೇಬಾರದು. ಬಿಳಿ ಪೇಂಟಿನಲ್ಲಿ ಗುರುತು ಹಾಕಿಕೊಂಡು ಬಿಚ್ಚಿ, ಗುರುತಿಗೆ ಸರಿಯಾಗಿ ಕೂಡಿಸುತ್ತೇವೆ ಅನ್ನುವವರು ಸಿಗುತ್ತಾರೆ. ಸವೆದ ಚೈನಿನ ಮೇಲೆ ಹಾಕಿದ ಗುರುತು ಸವೆತವನ್ನೂ ಸೇರಿಸಿಯೇ ಗುರುತು ಮಾಡಿರುತ್ತದೆ, ಹೊಸ ಚೈನನ್ನು ಅದಕ್ಕೇ ಕೂಡಿಸಿದರೆ ಹಳೆ ತಪ್ಪೇ ಹೊಸದಾಗಿ ಕೂರುತ್ತದೆ.

ಕಿಟ್ ಅಂದರೆ ಯಾವುದೆಲ್ಲ

ಚೈನೊಂದನ್ನೇ ತಂದು ಹಾಕಿಸುವುದು ಈ ಕೆಲಸದಲ್ಲಿ ಅತಿ ದುಬಾರಿಯಾಗುವ ಉಳಿತಾಯ. ಹಳೆ ಚೈನಿನ ಜೊತೆ ಸವೆದ ಸ್ಪ್ರಾಕೆಟ್ಟಿನ ಹಲ್ಲು ಆ ಚೈನಿನ ಹೆಚ್ಚಿದ ಪಿಚ್ಚಿಗೆ ಹೊಂದಿಕೊಂಡಿರುತ್ತದೆ. ಅದರ ಮೇಲೆ ಹೊಸ ಚೈನ್ ಕೂತರೆ ಭಾರವೆಲ್ಲ ಒಂದೆರಡು ಹಲ್ಲಿನ ಮೇಲೆ ಬಿದ್ದು ಹೊಸದನ್ನೂ ಬೇಗ ತಿನ್ನುತ್ತದೆ. ಟೆನ್ಷನರ್ ಹಳೆಯದೇ ಉಳಿದರೆ ಬೆಳಗಿನ ಸದ್ದೂ ಉಳಿಯುತ್ತದೆ. ಹಾಗಾಗಿ ಪಟ್ಟಿ ಹೀಗೆ: ಚೈನ್, ಕ್ರ್ಯಾಂಕ್ ಮತ್ತು ಕ್ಯಾಮ್ ಸ್ಪ್ರಾಕೆಟ್ಟುಗಳು, ಬಿಗಿ ಭಾಗದ ಸ್ಥಿರ ಗೈಡ್, ಸಡಿಲು ಭಾಗದ ಆಡುವ ಗೈಡ್, ಟೆನ್ಷನರ್, ಕ್ರ್ಯಾಂಕಿನ ಮುಂದಿನ ಆಯಿಲ್ ಸೀಲ್, ಕ್ರ್ಯಾಂಕ್ ಬೋಲ್ಟ್ ಹೊಸದು, ಸಿಲಿಕಾನ್ ಗ್ಯಾಸ್ಕೆಟ್ ಟ್ಯೂಬ್ ಒಂದು, ಎಣ್ಣೆ ಮತ್ತು ಫಿಲ್ಟರ್ ಎರಡು ಸಲಕ್ಕೆ ಆಗುವಷ್ಟು. ಎರಡನೇ ಸಲ ಏಕೆಂದು ಮುಂದೆ ಹೇಳುತ್ತೇನೆ.

ಬೆಂಗಳೂರಿನ ಬಿಡಿಭಾಗದ ಪೇಟೆಯಾದ ಜೆ.ಸಿ. ರಸ್ತೆಯಲ್ಲಿ ಈ ಕಿಟ್ ಮೂರು ನಾಲ್ಕು ದರದಲ್ಲಿ ಸಿಗುತ್ತದೆ. ಕೆಲಸದ ಮಜೂರಿ ಎಲ್ಲದಕ್ಕೂ ಒಂದೇ, ಆದ್ದರಿಂದ ಅಗ್ಗದ ಕಿಟ್ ತಂದವರು ಉಳಿಸುವುದು ಮೊದಲ ದಿನ ಮಾತ್ರ. ಗೈಡನ್ನು ಕೈಯಲ್ಲಿ ಹಿಡಿದು ನೋಡಿ. ಅಚ್ಚಿನ ಅಂಚು ಒರಟಾಗಿ ಉಳಿದಿದ್ದರೆ, ಚೈನ್ ಜಾರುವ ಮುಖದಲ್ಲಿ ಸಣ್ಣ ಗುಳಿಗಳಿದ್ದರೆ ವಾಪಸ್ ಕೊಡಿ. ಟೆನ್ಷನರಿನ ಪಿನ್ ತೆಗೆದು ಪಿಸ್ಟನ್ ಬೆರಳಿನಿಂದ ಒತ್ತಿದರೆ ಅಡೆತಡೆಯಿಲ್ಲದೆ ಒಳಹೋಗಿ ಸ್ಪ್ರಿಂಗಿನಿಂದ ಹೊರಬರಬೇಕು. ಆಮೇಲೆ ಪಿಸ್ಟನ್ ಒತ್ತಿ ಪಿನ್ ಮತ್ತೆ ತೂರಿಸಿಡಿ.

ಬಿಚ್ಚುವುದು

ಬ್ಯಾಟರಿಯ ನೆಗೆಟಿವ್ ತೆಗೆದು, ಮುಂದಿನ ಬಲ ಚಕ್ರ ಕಳಚಿ, ಒಳಗಿನ ಪ್ಲಾಸ್ಟಿಕ್ ಮರೆ ಬಿಚ್ಚಿ, ಎಣ್ಣೆ ಇಳಿಸಿ, ಹೊರಗಿನ ಬೆಲ್ಟ್ ತೆಗೆಯುವವರೆಗೆ ಎಲ್ಲ ಸಾಮಾನ್ಯ ಕೆಲಸ. ಎಡವುವುದು ಬಲಗಡೆಯ ಇಂಜಿನ್ ಮೌಂಟ್ ಬಿಚ್ಚುವಾಗ. ರೂಢಿಯಲ್ಲಿ ಚೇಂಬರಿನ ಕೆಳಗೆ ಮರದ ತುಂಡಿಟ್ಟು ಜಾಕಿ ಕೊಡುತ್ತಾರೆ. ಇಲ್ಲಿ ಆ ಚೇಂಬರೇ ಬಿಚ್ಚಬೇಕು, ಏಕೆಂದರೆ ಟೈಮಿಂಗ್ ಕವರಿನ ತಳ ಚೇಂಬರಿಗೆ ಸಿಲಿಕಾನಿನಿಂದ ಅಂಟಿ, ಬೋಲ್ಟಿನಿಂದ ಸೇರಿರುತ್ತದೆ. ಅರ್ಧ ಬಿಚ್ಚಿದ ಮೇಲೆ ಇದು ಹೊಳೆದು, ಜಾಕಿಯನ್ನು ಗೇರ್‌ಬಾಕ್ಸಿನ ಅಂಚಿಗೆ ಸರಿಸಿ ಇಂಜಿನ್ ವಾಲಿಸಿಕೊಂಡು ಒದ್ದಾಡುವುದಕ್ಕಿಂತ, ಮೊದಲೇ ಎರಡು ಫೆಂಡರಿನ ಮೇಲೆ ಅಡ್ಡ ಸಪೋರ್ಟ್ ಬಾರ್ ಹಾಕಿ ಇಂಜಿನ್ನನ್ನು ಮೇಲಿಂದ ಸರಪಳಿಯಲ್ಲಿ ತೂಗುಹಾಕಬೇಕು.

ಕ್ರ್ಯಾಂಕಿನ ನಡುವಿನ ಬೋಲ್ಟ್ ಈ ಇಂಜಿನ್ನಿನಲ್ಲಿ ಉಲ್ಟಾ ಥ್ರೆಡ್. ಗೊತ್ತಿಲ್ಲದವರು ಎರಡು ಮೀಟರ್ ಪೈಪ್ ಹಾಕಿ ಬಿಚ್ಚುತ್ತೇವೆಂದು ಇನ್ನಷ್ಟು ಬಿಗಿ ಮಾಡಿ ಕೊನೆಗೆ ಬೋಲ್ಟ್ ಮುರಿಯುತ್ತಾರೆ. ಇದನ್ನು ಬಿಚ್ಚುವಾಗ ಕ್ರ್ಯಾಂಕ್ ತಿರುಗದಂತೆ ಹಿಡಿಯಲು ಟೈಮಿಂಗ್ ಲಾಕ್ ಪಿನ್ನನ್ನು ನಂಬಬಾರದು. ಆ ಪಿನ್ನು ಇರುವುದು ಜಾಗ ತೋರಿಸಲು, ಬಲ ತಡೆಯಲು ಅಲ್ಲ. ಬಾಗಿದರೆ ಹೊರಬರುವುದಿಲ್ಲ, ಮುರಿದರೆ ತುಂಡು ಫ್ಲೈವೀಲಿನ ಹಿಂದೆ ಉಳಿಯುತ್ತದೆ. ಹಲ್ಲಿಗೆ ಕಚ್ಚುವ ಫ್ಲೈವೀಲ್ ಲಾಕ್ ಬೇರೆ ಬರುತ್ತದೆ, ಅದನ್ನೇ ಹಾಕಬೇಕು. ಕ್ಯಾಮ್ ಸ್ಪ್ರಾಕೆಟ್ಟಿನ ಬೋಲ್ಟಿಗೂ ಇದೇ ಮಾತು.

ಕವರ್ ಹೊರಬಂದ ಕ್ಷಣದಲ್ಲಿ ಸ್ವಲ್ಪ ಹೊತ್ತು ಕೈ ನಿಲ್ಲಿಸಿ ನೋಡುವುದು ಒಳ್ಳೆಯದು, ಇಂಜಿನ್ನಿನ ಹಳೆಯ ದಿನಚರಿ ಅಲ್ಲಿರುತ್ತದೆ. ಹೊಸದಿದ್ದಾಗ ತಿಳಿ ಬಣ್ಣದ ಗೈಡ್ ಬೆಲ್ಲದ ಬಣ್ಣಕ್ಕೋ ಕಾಫಿ ಕಪ್ಪಿಗೋ ತಿರುಗಿರುತ್ತದೆ. ಚೈನ್ ಜಾರುವ ಮುಖದಲ್ಲಿ ಪಟ್ಟಿಗಳ ಎರಡು ಸಮಾನಾಂತರ ಗೀರುಗಳು, ಉಗುರು ಸಿಕ್ಕುವಷ್ಟು ಆಳ. ಟೆನ್ಷನರಿನ ಪಿಸ್ಟನ್ ಎಷ್ಟು ಹೊರಬಂದಿದೆ ನೋಡಿ, ಬಿಚ್ಚಿದ ಮೇಲೆ ಅದು ತಿಳಿಯುವುದಿಲ್ಲ. ಪೂರ್ತಿ ಚಾಚಿದ್ದರೆ ಚೈನ್ ಹಲ್ಲು ಹಾರಲು ಹೆಚ್ಚು ದಿನ ಉಳಿದಿರಲಿಲ್ಲ. ಕವರಿನ ಒಳಗೋಡೆಯಲ್ಲಿ ಅಲ್ಯೂಮಿನಿಯಂ ಹೊಳೆಯುವ ಗೀರು ಕಂಡರೆ ಚೈನ್ ಆಗಲೇ ಗೋಡೆಗೆ ತಾಗುತ್ತಿತ್ತು, ಆ ಪುಡಿಯೆಲ್ಲ ಎಣ್ಣೆಗೆ ಹೋಗಿದೆ. ಗೈಡಿನ ಒಂದು ಚೂರು ಕಾಣೆಯಾಗಿದ್ದರೆ ಅದು ಸಿಗುವವರೆಗೆ ಹುಡುಕಬೇಕು. ಸಾಮಾನ್ಯವಾಗಿ ಚೇಂಬರಿನ ತಳದಲ್ಲಿ, ಎಣ್ಣೆ ಎಳೆಯುವ ಜಾಲರಿಯ ಬಾಯಿಗೆ ಅಂಟಿಕೊಂಡು ಸಿಗುತ್ತದೆ. ಚೇಂಬರ್ ಬಿಚ್ಚದೆ ಹೇಗೋ ಕವರ್ ಹೊರಗೆಳೆದು ಕೆಲಸ ಮುಗಿಸುವ ಜಾಣತನ ಕೈಕೊಡುವುದು ಇಲ್ಲೇ. ಹೊಸ ಚೈನ್, ಹೊಸ ಟೆನ್ಷನರ್, ಕಟ್ಟಿದ ಜಾಲರಿ. ಸ್ವಲ್ಪ ದಿನದಲ್ಲಿ ಆಯಿಲ್ ದೀಪ, ಆಮೇಲೆ ಟರ್ಬೊ, ಆಮೇಲೆ ಬೇರಿಂಗ್.

ಕೂಡಿಸುವುದು

ಹಳೆ ಸಿಲಿಕಾನ್ ಕೆರೆಯುವುದು ಬೇಸರದ ಕೆಲಸ, ಅದಕ್ಕೇ ಗ್ರೈಂಡರಿಗೆ ನಾರಿನ ಡಿಸ್ಕ್ ಹಾಕಿ ಐದು ನಿಮಿಷದಲ್ಲಿ ಮುಗಿಸುವವರಿದ್ದಾರೆ. ಆ ಡಿಸ್ಕಿನ ಪುಡಿಯಲ್ಲಿ ಇರುವುದು ಉಕ್ಕನ್ನೇ ಅರೆಯುವ ಕಣ. ತೆರೆದ ಇಂಜಿನ್ನಿನ ಬಾಯಿಗೆ ಅದನ್ನು ತೂರುವುದಕ್ಕಿಂತ ಚೈನ್ ಬದಲಾಯಿಸದೆ ಇರುವುದು ಮೇಲು. ಪ್ಲಾಸ್ಟಿಕ್ ಸ್ಕ್ರೇಪರ್, ಬಟ್ಟೆ, ಬ್ರೇಕ್ ಕ್ಲೀನರ್, ತಾಳ್ಮೆ. ಇಷ್ಟೇ ಸಾಮಾನು.

ಕ್ರ್ಯಾಂಕಿಗೂ ಕ್ಯಾಮಿಗೂ ಲಾಕ್ ಪಿನ್ನು ಕೂತಿರುವಂತೆಯೇ ಚೈನ್ ಏರಿಸಬೇಕು. ಸ್ಥಿರ ಗೈಡಿನ ಕಡೆ ಒಂದಿಷ್ಟೂ ಸಡಿಲ ಉಳಿಯದ ಹಾಗೆ ಎಳೆದು, ಇರುವ ಸಡಿಲವೆಲ್ಲ ಟೆನ್ಷನರಿನ ಕಡೆಗೆ ಬರಬೇಕು. ಹೊಸ ಟೆನ್ಷನರ್ ಕಟ್ಟಿ, ಅದರ ಪಿನ್ ಎಳೆದರೆ ಪಿಸ್ಟನ್ ಹೊರಬಂದು ಗೈಡನ್ನು ಒತ್ತುತ್ತದೆ. ಟಾರ್ಕ್ ಅಂಕಿಗಳನ್ನು ವರ್ಕ್‌ಶಾಪ್ ಮ್ಯಾನುಯಲ್‌ನಿಂದಲೇ ತೆಗೆದುಕೊಳ್ಳಬೇಕು. ಕೋನದ ಲೆಕ್ಕದಲ್ಲಿ ಬಿಗಿಯುವ ಬೋಲ್ಟನ್ನು ಎರಡನೇ ಸಲ ಬಳಸಬಾರದು, ಅದು ಮೊದಲ ಸಲವೇ ಎಳೆದು ಉದ್ದವಾಗಿರುತ್ತದೆ.

ಆಯಿಲ್ ಪಂಪ್ ಈ ಇಂಜಿನ್ನಿನಲ್ಲಿ ಟೈಮಿಂಗ್ ಕವರಿನ ಒಳಗೇ ಇದೆ, ಕ್ರ್ಯಾಂಕೇ ಅದನ್ನು ತಿರುಗಿಸುತ್ತದೆ. ಕವರ್ ಕೂಡಿಸುವ ಮುನ್ನ ಪಂಪಿನೊಳಗೆ ಎಣ್ಣೆ ಸುರಿದು ಕೈಯಿಂದ ರೋಟರ್ ತಿರುಗಿಸಿಡಬೇಕು. ಒಣ ಪಂಪು ಮೊದಲ ಸ್ಟಾರ್ಟಿನಲ್ಲಿ ಎಣ್ಣೆ ಹಿಡಿಯಲು ತಡಮಾಡುತ್ತದೆ. ಸಿಲಿಕಾನ್ ಎಳೆ ಎರಡು ಮೂರು ಮಿ.ಮೀ. ದಪ್ಪ ಸಾಕು, ಬೋಲ್ಟ್ ತೂತುಗಳ ಒಳಬದಿಯಲ್ಲಿ ಹಾಯಬೇಕು. ಹೆಚ್ಚು ಹಾಕಿದರೆ ಭದ್ರ ಅನ್ನುವುದು ತಪ್ಪು ಲೆಕ್ಕ. ಹೆಚ್ಚಾದದ್ದು ಒಳಗೆ ಉಕ್ಕಿ, ಒಣಗಿ, ಹುಳುವಿನಂತೆ ಕಳಚಿ ಅದೇ ಜಾಲರಿಗೆ ಬರುತ್ತದೆ. ಎಳೆ ಎಳೆದ ಹತ್ತು ನಿಮಿಷದೊಳಗೆ ಕವರ್ ಕೂರಿಸಿ, ಪೂರ್ತಿ ಗಟ್ಟಿಯಾಗಲು ರಾತ್ರಿಯಿಡೀ ಬಿಟ್ಟು, ಬೆಳಿಗ್ಗೆ ಎಣ್ಣೆ ತುಂಬಿ.

ಈಗ ಬರುವುದು ಹತ್ತು ನಿಮಿಷದ ಕೆಲಸ, ಆದರೆ ಎಲ್ಲಕ್ಕಿಂತ ಹೆಚ್ಚಾಗಿ ಬಿಟ್ಟುಹೋಗುವುದು ಇದೇ. ಎಲ್ಲ ಲಾಕ್ ಪಿನ್ನೂ ತೆಗೆದು, ಎಣಿಸಿ ಪಕ್ಕಕ್ಕಿಟ್ಟು, ಗಾಡಿಯನ್ನು ಐದನೇ ಗೇರಿಗೆ ಹಾಕಿ, ಮೇಲೆತ್ತಿದ ಒಂದು ಮುಂದಿನ ಚಕ್ರವನ್ನು ಮುಂದಕ್ಕೆ ತಿರುಗಿಸುತ್ತಾ ಕ್ರ್ಯಾಂಕ್ ಎರಡು ಪೂರ್ತಿ ಸುತ್ತು ಬರುವಂತೆ ಮಾಡಬೇಕು. ಕ್ಯಾಮ್ ಆಗ ಒಂದು ಸುತ್ತು ಬಂದಿರುತ್ತದೆ. ಕಂಪ್ರೆಷನ್ನಿನ ತಡೆ ಮೆತ್ತಗಿರುತ್ತದೆ, ಒತ್ತಿ ಹಿಡಿದರೆ ನಿಧಾನವಾಗಿ ಬಿಟ್ಟುಕೊಡುತ್ತದೆ. ವಾಲ್ವ್ ಪಿಸ್ಟನಿಗೆ ತಾಗಿದರೆ ಟಕ್ ಎಂದು ನಿಲ್ಲುತ್ತದೆ, ಎಷ್ಟು ಒತ್ತಿದರೂ ಮುಂದೆ ಹೋಗುವುದಿಲ್ಲ. ಅಲ್ಲಿಗೆ ನಿಲ್ಲಿಸಿ. ಕೈಯಲ್ಲಿ ತಾಗಿದ್ದರಿಂದ ಏನೂ ಹಾಳಾಗಿರುವುದಿಲ್ಲ, ಅದೇ ಸ್ಟಾರ್ಟರಿನಲ್ಲಿ ತಾಗಿದ್ದರೆ ಆಗಿರುತ್ತಿತ್ತು. ಎರಡು ಸುತ್ತಿನ ನಂತರ ಪಿನ್ನುಗಳು ಮತ್ತೆ ಬೆರಳೊತ್ತಿಗೇ ಕೂತರೆ ಟೈಮಿಂಗ್ ಸರಿ. ಕೂರದಿದ್ದರೆ ಕವರ್ ಮತ್ತೆ ಬಿಚ್ಚುವುದೇ, ಬೇರೆ ದಾರಿಯಿಲ್ಲ.

ಬಣ್ಣದ ಕೊಂಡಿ ಇರುವ ಚೈನುಗಳ ಬಗ್ಗೆ ಒಂದು ಮಾತು. ಬಹಳಷ್ಟು ಪೆಟ್ರೋಲ್ ಇಂಜಿನ್ನುಗಳಲ್ಲಿ ಚೈನಿನ ಬಣ್ಣದ ಕೊಂಡಿಗಳನ್ನು ಸ್ಪ್ರಾಕೆಟ್ಟಿನ ಗುರುತಿಗೆ ಹೊಂದಿಸಿ ಕೂಡಿಸುತ್ತಾರೆ. ಎರಡು ಸುತ್ತು ತಿರುಗಿಸಿ ನೋಡಿದಾಗ ಬಣ್ಣದ ಕೊಂಡಿ ಗುರುತಿನಲ್ಲಿ ಇರುವುದಿಲ್ಲ. ಹೊಸಬರು ಇಲ್ಲಿ ಗಾಬರಿಯಾಗಿ ಎಲ್ಲ ಬಿಚ್ಚುತ್ತಾರೆ. ಅದು ಇರಬಾರದು ಕೂಡ. 112 ಕೊಂಡಿಯ ಚೈನ್, 19 ಹಲ್ಲಿನ ಕ್ರ್ಯಾಂಕ್ ಸ್ಪ್ರಾಕೆಟ್ ಎಂದರೆ ಅದೇ ಕೊಂಡಿ ಅದೇ ಹಲ್ಲಿಗೆ ಮರಳಿ ಬರಲು 112 ಸುತ್ತು ಬೇಕು. ಒಂದೇ ಕೊಂಡಿ ಒಂದೇ ಹಲ್ಲನ್ನು ಪದೇ ಪದೇ ತಿನ್ನದಿರಲಿ ಎಂದು ಹೀಗೆ ಎಣಿಕೆ ಇಡುವುದು. ತಿರುಗಿಸಿದ ಮೇಲೆ ನೋಡಬೇಕಾದದ್ದು ಸ್ಪ್ರಾಕೆಟ್ಟಿನ ಮೇಲಿನ ಗುರುತುಗಳನ್ನು, ಚೈನಿನ ಬಣ್ಣವನ್ನಲ್ಲ.

ಮೊದಲ ಸ್ಟಾರ್ಟಿಗೆ ಆತುರ ಬೇಡ. ಇಂಜೆಕ್ಟರುಗಳ ಕನೆಕ್ಟರ್ ತೆಗೆದು, ಹೊತ್ತಿಕೊಳ್ಳದ ಹಾಗೆ ಮಾಡಿ, ಹತ್ತು ಸೆಕೆಂಡು ಸ್ಟಾರ್ಟರ್, ಅರ್ಧ ನಿಮಿಷ ಬಿಡುವು, ಹೀಗೆ ಆಯಿಲ್ ದೀಪ ಆರುವವರೆಗೆ. ಆಮೇಲೆ ಕನೆಕ್ಟರ್ ಹಾಕಿ ಸ್ಟಾರ್ಟ್ ಮಾಡಿದರೆ ಕೆಲವು ಸೆಕೆಂಡು ಗರಗರ ಎಂದು, ಟೆನ್ಷನರ್ ತುಂಬಿದ ಕೂಡಲೇ ನಿಲ್ಲುತ್ತದೆ. ಸಾವಿರ ಕಿಲೋಮೀಟರಿಗೆ ಎಣ್ಣೆ, ಫಿಲ್ಟರ್ ಮತ್ತೆ ಬದಲಾಯಿಸಿ. ಹಳೆ ಗೈಡಿನ ಪುಡಿ, ಸಿಲಿಕಾನಿನ ಎಳೆ, ಕೆರೆಯುವಾಗ ಬಿದ್ದ ಕಸ ಎಲ್ಲ ಆ ಫಿಲ್ಟರಿನ ಮಡಿಕೆಗಳಲ್ಲಿರುತ್ತದೆ, ಬಿಡಿಸಿ ನೋಡಿ. ಅಲ್ಲಿಂದ ಮುಂದೆ 5ಡಬ್ಲ್ಯೂ-30 ಎಣ್ಣೆ. ನಗರದ ಟ್ರಾಫಿಕ್ಕಿನಲ್ಲೇ ಓಡುವ ಗಾಡಿಗೆ ನಾನು ಹತ್ತು ಸಾವಿರದ ಬದಲು ಏಳೆಂಟು ಸಾವಿರಕ್ಕೇ ಬದಲಾಯಿಸಿ ಅನ್ನುತ್ತೇನೆ. ಓಡದೆ ನಿಂತು ಗುರುಗುಟ್ಟಿದ ಗಂಟೆಗಳನ್ನು ಮೀಟರ್ ಲೆಕ್ಕ ಹಾಕುವುದಿಲ್ಲ.

ಹಾರಿದ ಮೇಲೆ

ಚೈನ್ ಆಗಲೇ ಹಲ್ಲು ಹಾರಿ ಇಂಜಿನ್ ನಿಂತಿದ್ದರೆ ಎಲ್ಲ ಮುಗಿಯಿತು ಅನ್ನಬೇಕಿಲ್ಲ. ಡೀಸೆಲ್ಲಿನಲ್ಲಿ ಪಿಸ್ಟನ್ ಮೇಲೆ ಬಂದಾಗ ವಾಲ್ವಿಗೂ ಅದಕ್ಕೂ ನಡುವೆ ಇರುವ ಜಾಗ ಬಹಳ ಕಡಿಮೆ, ಹಾರಿದರೆ ತಾಗುತ್ತದೆ. ಆದರೆ ಈ ಇಂಜಿನ್ನಿನಲ್ಲಿ ವಾಲ್ವ್ ಬಾಗುವುದಕ್ಕೆ ಮೊದಲು ಅದರ ಮೇಲಿನ ರಾಕರ್ (ಕ್ಯಾಮಿನ ಒತ್ತನ್ನು ವಾಲ್ವಿಗೆ ದಾಟಿಸುವ ಸಣ್ಣ ತೋಳು) ಮುರಿಯುವುದು ಹೆಚ್ಚು. ಒಂದು ವಾಲ್ವಿಗೆ ಒಂದರಂತೆ ಒಟ್ಟು ಹದಿನಾರು ರಾಕರ್. ಮೊದಲು ಹೆಡ್ ಬಿಚ್ಚದೆ, ಕ್ಯಾಮ್ ಹೌಸಿಂಗ್ ಮಾತ್ರ ಎತ್ತಿ, ಮುರಿದವನ್ನು ಎಣಿಸಿ, ಎಲ್ಲ ಚೂರುಗಳನ್ನು ಜೋಡಿಸಿ ನೋಡಿ ಒಂದೂ ಒಳಗೆ ಉಳಿದಿಲ್ಲವೆಂದು ಖಚಿತ ಮಾಡಿಕೊಳ್ಳಬೇಕು. ಹೊಸ ರಾಕರ್, ಹೊಸ ಚೈನ್ ಕಿಟ್ ಹಾಕಿ ಟೈಮಿಂಗ್ ಕೂರಿಸಿ, ಕಂಪ್ರೆಷನ್ ಪರೀಕ್ಷೆ ಮಾಡಿ. ನಾಲ್ಕೂ ಸಿಲಿಂಡರ್ ಹೆಚ್ಚು ಕಡಿಮೆ ಒಂದೇ ಅಂಕಿ ತೋರಿಸಿದರೆ ಅಗ್ಗದಲ್ಲಿ ಪಾರಾದಿರಿ. ಒಂದು ಕೆಳಗೆ ಬಿದ್ದಿದ್ದರೆ ಹೆಡ್ ಬಿಚ್ಚಿ ವಾಲ್ವ್ ಕೆಲಸ ಮಾಡಿಸಲೇಬೇಕು, ಆಗ ಗಾಡಿಯ ಮಾರುಕಟ್ಟೆ ಬೆಲೆ ಪಕ್ಕದಲ್ಲಿಟ್ಟುಕೊಂಡು ಲೆಕ್ಕ ಹಾಕಬೇಕಾಗುತ್ತದೆ. ಶಿವಾಜಿನಗರದ ಗುಜರಿಯಿಂದ ಹಳೆ ಇಂಜಿನ್ ತಂದು ಕೂರಿಸುವವರು ಬಹಳ ಜನ. ಅದರ ಚೈನ್ ಎಷ್ಟು ಓಡಿದೆ, ಹಿಂದಿನ ಯಜಮಾನ ಎಂಥ ಎಣ್ಣೆ ಹಾಕಿದ್ದ ಎಂದು ಮಾರುವವನಿಗೂ ಗೊತ್ತಿರುವುದಿಲ್ಲ. ಗಾಡಿಗೆ ಇಳಿಸುವ ಮೊದಲು, ನೆಲದ ಮೇಲಿರುವಾಗಲೇ ಕವರ್ ಬಿಚ್ಚಿ ಹೊಸ ಕಿಟ್ ಹಾಕಿಸಿಬಿಡಿ. ಮೌಂಟ್, ಸಪೋರ್ಟ್ ಬಾರ್ ಯಾವ ತೊಡಕೂ ಇಲ್ಲದೆ ಅರ್ಧ ದಿನದಲ್ಲಿ ಆಗುವ ಕೆಲಸ. ಇಂಜಿನ್ ನಂಬರ್ ಬದಲಾಗಿರುತ್ತದೆ, ಬಿಲ್ ಜೋಪಾನವಾಗಿಟ್ಟುಕೊಂಡು ಆರ್‌ಟಿಓಗೆ ಹೋಗಿ ಆರ್‌ಸಿಯಲ್ಲಿ ಹೊಸ ನಂಬರ್ ಸೇರಿಸಿಕೊಳ್ಳಿ.